‘ಲೇಡಿ ಮಾರ್ಮಲೇಡ್’ ಯಾರ ಹಾಡು?

1975ರ ಮಾರ್ಚ್ ಕೊನೆಯಲ್ಲಿ ಅಮೆರಿಕದ ಬಿಲ್‌ಬೋರ್ಡ್ ಪಟ್ಟಿಯಲ್ಲಿ, ಅಂದರೆ ವಾರವಾರದ ಜನಪ್ರಿಯ ಹಾಡುಗಳ ಪಟ್ಟಿಯಲ್ಲಿ, ಒಂದು ತಮಾಷೆ ನಡೆಯಿತು. ಮಾರ್ಚ್ 22ರ ವಾರ ಮೊದಲ ಸ್ಥಾನದಲ್ಲಿ ಇದ್ದದ್ದು ಫ್ರಾಂಕಿ ವಾಲಿ ಹಾಡಿದ ‘ಮೈ ಐಸ್ ಅಡೋರ್ಡ್ ಯೂ’. ಬಾಲ್ಯದ ಗೆಳತಿಯನ್ನು ಕಣ್ಣಲ್ಲೇ ಪ್ರೀತಿಸಿ, ಕೈ ಕೂಡ ಮುಟ್ಟದೆ ಉಳಿದವನ ನೆನಪು ಅದು. ಮುಂದಿನ ವಾರ ಅದನ್ನು ಕೆಳಗಿಳಿಸಿ ಮೇಲೇರಿದ್ದು ಲಬೆಲ್ ಎಂಬ ಮೂವರು ಹೆಣ್ಣುಮಕ್ಕಳ ತಂಡ ಹಾಡಿದ ‘ಲೇಡಿ ಮಾರ್ಮಲೇಡ್’. ಇದರಲ್ಲಿ ನ್ಯೂ ಆರ್ಲಿಯನ್ಸ್ ಬೀದಿಯಲ್ಲಿ ಗಿರಾಕಿ ಹುಡುಕುವ ಹೆಣ್ಣೊಬ್ಬಳು ಇದ್ದಾಳೆ, ಅವಳ ಕಪ್ಪು ಸ್ಯಾಟಿನ್ ಹಾಸಿಗೆ ಇದೆ, ನೇರವಾದ ಒಂದು ಆಹ್ವಾನವೂ ಇದೆ. ಒಂದಕ್ಕೊಂದು ಸಂಬಂಧವೇ ಇಲ್ಲದ ಈ ಎರಡು ಹಾಡುಗಳನ್ನೂ ಬರೆದವರು ಅದೇ ಇಬ್ಬರು: ಬಾಬ್ ಕ್ರೂ ಮತ್ತು ಕೆನ್ನಿ ನೋಲನ್.

ಇಪ್ಪತ್ತಾರು ವರ್ಷ ಕಳೆದ ಮೇಲೆ, 2001ರ ಜೂನ್‌ನಲ್ಲಿ, ಅದೇ ಹಾಡು ಮತ್ತೆ ಮೊದಲ ಸ್ಥಾನಕ್ಕೆ ಬಂತು. ಈ ಸಲ ಐದು ವಾರ ಅಲ್ಲೇ ಕೂತಿತು. ಹಾಡಿದವರು ಕ್ರಿಸ್ಟಿನಾ ಅಗಿಲೆರಾ, ಲಿಲ್ ಕಿಮ್, ಮಾಯಾ ಮತ್ತು ಪಿಂಕ್. ಆಗ ಎಂಟಿವಿ ನೋಡಿ ಬೆಳೆದವರನ್ನು ಕೇಳಿದರೆ ಇದು ಕ್ರಿಸ್ಟಿನಾ ಹಾಡು ಅಂತಾರೆ. ಅವರ ಅಪ್ಪ ಅಮ್ಮನ ವಯಸ್ಸಿನವರು ಲಬೆಲ್ ತಂಡದ ಮುಖ್ಯ ಗಾಯಕಿ ಪ್ಯಾಟಿ ಲಬೆಲ್ ಹೆಸರು ಹೇಳುತ್ತಾರೆ. ಕಾನೂನನ್ನು ಕೇಳಿದರೆ ಇಬ್ಬರದೂ ಅಲ್ಲ. ಈ ಮೂರು ಉತ್ತರಗಳೂ ಒಟ್ಟಿಗೆ ಹೇಗೆ ನಿಜವಾಗುತ್ತವೆ ಅನ್ನೋದನ್ನು ಬಿಡಿಸಿ ನೋಡಿದರೆ, ಒಬ್ಬರ ಹಾಡನ್ನು ಇನ್ನೊಬ್ಬರು ಮತ್ತೆ ಹಾಡುವ, ‘ಕವರ್’ ಎಂದು ನಾವು ಸುಲಭವಾಗಿ ಕರೆಯುವ ವ್ಯವಹಾರ ಎಷ್ಟು ಗೋಜಲು ಅಂತ ಗೊತ್ತಾಗುತ್ತದೆ.

ಮೊದಲು ಹಾಡಿನ ಕಥೆ. ಒಬ್ಬ ಗಂಡಸು ನ್ಯೂ ಆರ್ಲಿಯನ್ಸ್‌ಗೆ ಬಂದಿದ್ದಾನೆ. ಬೀದಿಯಲ್ಲಿ ಮಾರ್ಮಲೇಡ್ ಸಿಗುತ್ತಾಳೆ. ಮಾತಾಡಿಸುತ್ತಾಳೆ. ಅವನು ಅವಳ ಕೋಣೆಗೆ ಹೋಗುತ್ತಾನೆ. ಅವಳು ಸಿಂಗರಿಸಿಕೊಳ್ಳುವಷ್ಟರಲ್ಲಿ ಅಲ್ಲಿದ್ದ ವೈನ್ ಎಲ್ಲ ಕುಡಿದು ಮುಗಿಸುತ್ತಾನೆ. ರಾತ್ರಿ ಕಳೆಯುತ್ತದೆ. ಕೊನೆಯ ಚರಣದಲ್ಲಿ ಅವನು ಊರಿಗೆ ವಾಪಸ್ ಹೋಗಿ ಬೆಳಗ್ಗೆ ಒಂಬತ್ತರಿಂದ ಸಂಜೆ ಐದರ ಕೆಲಸದಲ್ಲಿ ಇದ್ದಾನೆ. ಬೂದು ಬಣ್ಣದ ಸೂಟು, ಬೂದು ಬಣ್ಣದ ಬದುಕು. ನಿದ್ದೆ ಹತ್ತುವ ಹೊತ್ತಿಗೆ ಮಾತ್ರ ಅವಳು ನೆನಪಾಗುತ್ತಾಳೆ.

ಗಮನಿಸಿ, ಇಡೀ ಹಾಡಿನಲ್ಲಿ ಒದ್ದಾಡುವವನು ಅವನು. ಮಾರ್ಮಲೇಡ್‌ಗೆ ಏನೂ ಆಗುವುದಿಲ್ಲ. ಅವಳು ತನ್ನ ಕೆಲಸ ಮಾಡಿಕೊಂಡು ಇದ್ದಾಳೆ ಅಷ್ಟೇ. ಬೀದಿಯ ಹೆಣ್ಣಿನ ಬಗ್ಗೆ ಬರೆದ ಹಾಡುಗಳಲ್ಲಿ ಸಾಮಾನ್ಯವಾಗಿ ಅವಳಿಗೊಂದು ದುರಂತ, ಒಂದು ಪಶ್ಚಾತ್ತಾಪ, ಕಡೇಪಕ್ಷ ಎರಡು ಹನಿ ಕಣ್ಣೀರು ಇರುತ್ತವೆ. ಇಲ್ಲಿ ಅದು ಯಾವುದೂ ಇಲ್ಲ. ನನಗೆ ಈ ಹಾಡಿನ ನಿಜವಾದ ದಿಟ್ಟತನ ಕಾಣುವುದು ಇಲ್ಲೇ. ಜನ ಗಲಾಟೆ ಮಾಡಿದ್ದು ಮಾತ್ರ ಬೇರೆ ಸಾಲಿಗೆ.

ಹಾಗಂತ ಹಾಡು ಮುಗ್ಧವೇನಲ್ಲ. ಅವಳ ಹೆಸರೇ ಕಿತ್ತಳೆ ಜಾಮ್. ಮೈಬಣ್ಣ ಹಾಲು ಬೆರೆಸಿದ ಕಾಫಿ. ಪಲ್ಲವಿಯಲ್ಲಿ ಮೋಕಾ, ಚಾಕೊಲೇಟ್. ಅಂದರೆ ಕಪ್ಪು ಹೆಣ್ಣಿನ ಮೈಯನ್ನು ಬೆಳಗಿನ ತಿಂಡಿಯ ಮೇಜಿನ ಹಾಗೆ ಜೋಡಿಸಿಟ್ಟಿದ್ದಾರೆ. ಬರೆದ ಇಬ್ಬರೂ ಬಿಳಿಯರು. ಹಾಡಿದ ಮೂವರೂ ಕಪ್ಪು ಹೆಣ್ಣುಮಕ್ಕಳು. ಈ ಎಳೆದಾಟವನ್ನು ಮರೆತು ಸುಮ್ನೆ ‘ಮಹಿಳಾ ಶಕ್ತಿಯ ಗೀತೆ’ ಅಂತ ಹೊಗಳುವವರನ್ನು ಕಂಡರೆ ನನಗೆ ಸ್ವಲ್ಪ ಅನುಮಾನ.

ಅವಳನ್ನು ಹಾಡು ಕ್ರಿಯೋಲ್ ಎಂದು ಕರೆಯುತ್ತದೆ. ನ್ಯೂ ಆರ್ಲಿಯನ್ಸ್ ಊರನ್ನು 1718ರಲ್ಲಿ ಕಟ್ಟಿದವರು ಫ್ರೆಂಚರು. ನಡುವೆ ಸ್ಪೇನ್ ಆಳಿತು. 1803ರಲ್ಲಿ ಅಮೆರಿಕ ಇಡೀ ಲೂಸಿಯಾನಾ ಪ್ರದೇಶವನ್ನು ಫ್ರಾನ್ಸ್‌ನಿಂದ ಕೊಂಡಿತು. ಫ್ರೆಂಚ್, ಸ್ಪ್ಯಾನಿಷ್, ಆಫ್ರಿಕನ್ ಮೂಲಗಳು ಬೆರೆತ ಅಲ್ಲಿನ ಜನರನ್ನು, ಅವರ ಅಡುಗೆಯನ್ನು, ಭಾಷೆಯನ್ನು ಕ್ರಿಯೋಲ್ ಅನ್ನುತ್ತಾರೆ. ಇನ್ನೊಂದು ವಿಷಯ: 1897ರಿಂದ 1917ರವರೆಗೆ ಆ ಊರಲ್ಲಿ ಸ್ಟೋರಿವಿಲ್ ಎಂಬ ಬಡಾವಣೆ ಇತ್ತು. ವೇಶ್ಯಾವೃತ್ತಿಗೆಂದೇ ನಗರಸಭೆ ಗೆರೆ ಎಳೆದು ಬಿಟ್ಟುಕೊಟ್ಟ ಜಾಗ. ಮೊದಲ ಮಹಾಯುದ್ಧದ ಹೊತ್ತಿನಲ್ಲಿ ನೌಕಾಪಡೆಯ ಒತ್ತಾಯಕ್ಕೆ ಅದನ್ನು ಮುಚ್ಚಿದರು. ಬಡಾವಣೆ ಹೋಯಿತು, ಊರಿನ ಹೆಸರಿಗೆ ಅಂಟಿದ ಆ ಖ್ಯಾತಿ ಹೋಗಲಿಲ್ಲ. ಹಾಗಾಗಿ ಮಾರ್ಮಲೇಡ್ ಬಾಯಲ್ಲಿ ಫ್ರೆಂಚ್ ಬಂದದ್ದು ಶೋಕಿಗಲ್ಲ. ಅದು ಆ ಊರಿನ ಮಾತು.

ಆ ಮಾತು ಇದು: ‘ವೂಲೆ-ವೂ ಕೂಶೆ ಅವೆಕ್ ಮ್ವಾ, ಸ ಸ್ವಾರ್?’ ಇವತ್ತು ರಾತ್ರಿ ನನ್ನ ಜೊತೆ ಮಲಗುತ್ತೀರಾ ಅಂತ ಅರ್ಥ. ಹೌದು, ‘ಮಲಗುತ್ತೀರಾ’. ಫ್ರೆಂಚರಲ್ಲೂ ನಮ್ಮ ಹಾಗೆ ನೀನು, ನೀವು ಬೇರೆ ಬೇರೆ. ಮಾರ್ಮಲೇಡ್ ಬಹುವಚನ ಕೊಟ್ಟೇ ಕರೆಯುತ್ತಾಳೆ. ಗಿರಾಕಿ ಅಲ್ವಾ, ಮರ್ಯಾದೆ ಬೇಕು.

ಈ ವಾಕ್ಯ ಕ್ರೂ ಮತ್ತು ನೋಲನ್ ಹುಟ್ಟಿಸಿದ್ದಲ್ಲ. ಟೆನೆಸ್ಸಿ ವಿಲಿಯಮ್ಸ್ ಬರೆದ 1947ರ ನಾಟಕ ‘ಎ ಸ್ಟ್ರೀಟ್‌ಕಾರ್ ನೇಮ್ಡ್ ಡಿಸೈರ್’ನಲ್ಲಿ ಇದೇ ಮಾತು ಬರುತ್ತದೆ. ಅದೂ ನ್ಯೂ ಆರ್ಲಿಯನ್ಸ್‌ನಲ್ಲೇ ನಡೆಯುವ ಕಥೆ. ನಾಯಕಿ ಬ್ಲಾಂಚ್ ಇದನ್ನು ಹೇಳುವುದು ಫ್ರೆಂಚ್ ಬಾರದ ಗಂಡಸಿಗೆ. ಅವನಿಗೆ ಅರ್ಥವಾಗಲಿಲ್ಲ ಅನ್ನೋದೇ ಅಲ್ಲಿನ ಮಜಾ. 1974ರ ಹಾಡು ಆಡಿದ ಆಟವೂ ಅದೇ. ಆ ಗಂಡಸಿನ ಜಾಗದಲ್ಲಿ ಈಗ ಇಡೀ ಅಮೆರಿಕದ ರೇಡಿಯೊ ಕೇಳುಗರು ಇದ್ದರು. ಇಂಗ್ಲಿಷ್‌ನಲ್ಲಿ ಇದ್ದಿದ್ದರೆ ಬಹಳ ರೇಡಿಯೊ ಸ್ಟೇಷನ್‌ಗಳು ಹಾಕುತ್ತಲೇ ಇರಲಿಲ್ಲ. ಫ್ರೆಂಚ್‌ನಲ್ಲಿ ಇದ್ದದ್ದರಿಂದ ಅರ್ಧ ಜನಕ್ಕೆ ಗೊತ್ತಾಗಲಿಲ್ಲ. ಗೊತ್ತಾದವರು ನಕ್ಕರು, ಕೆಲವರು ಸಿಟ್ಟಾದರು. ಪ್ಯಾಟಿ ಲಬೆಲ್ ಅವರೇ ಅನೇಕ ಸಂದರ್ಶನಗಳಲ್ಲಿ, ರೆಕಾರ್ಡ್ ಮಾಡುವಾಗ ತನಗೂ ಅರ್ಥ ಗೊತ್ತಿರಲಿಲ್ಲ ಎಂದಿದ್ದಾರೆ. ಚರ್ಚ್‌ನಲ್ಲಿ ಹಾಡಿ ಬೆಳೆದವರು ಅವರು. ಟಿವಿಗೆ ಬಂದಾಗ ‘ಮಲಗುತ್ತೀರಾ’ ಬದಲು ‘ಕುಣಿಯುತ್ತೀರಾ’ ಅಂತ ಫ್ರೆಂಚ್ ಕ್ರಿಯಾಪದವನ್ನೇ ಬದಲಿಸಿ ಹಾಡಿದ್ದೂ ಇದೆ. ಕೇಳುವವರಿಗೆ ಅರ್ಥವಾಗದ ಭಾಷೆಯಲ್ಲೂ ಸೆನ್ಸಾರ್!

ಇನ್ನು ಮುಖ್ಯ ವಿಷಯಕ್ಕೆ ಬರೋಣ. ಎಲ್ಲರೂ ಮೂಲ ಅಂದುಕೊಂಡಿರುವ ಲಬೆಲ್ ತಂಡದ ‘ಲೇಡಿ ಮಾರ್ಮಲೇಡ್’ ಮೂಲ ಅಲ್ಲ. ಅದೂ ಕವರ್.

ಈ ಹಾಡನ್ನು ಮೊದಲು ರೆಕಾರ್ಡ್ ಮಾಡಿದ್ದು ದಿ ಇಲೆವೆಂತ್ ಅವರ್ ಎಂಬ ತಂಡ. ಅದು ಕೆನ್ನಿ ನೋಲನ್ ಅವರದೇ ತಂಡ. 1974ರಲ್ಲಿ ಬಂತು, ಯಾರೂ ತಿರುಗಿ ನೋಡಲಿಲ್ಲ. ಅದೇ ಸಾಲು, ಅದೇ ರಾಗ, ಅದೇ ಫ್ರೆಂಚ್ ವಾಕ್ಯ. ಆದರೂ ಕೆಲಸ ಆಗಲಿಲ್ಲ. ಕೆಲವೇ ತಿಂಗಳಲ್ಲಿ ಅದೇ ಹಾಡು ಇನ್ನೊಂದು ತಂಡದ ಬಾಯಲ್ಲಿ ದೇಶವನ್ನೇ ಕುಣಿಸಿತು. ಹಾಗಾದರೆ ಆ ವ್ಯತ್ಯಾಸ ಎಲ್ಲಿಂದ ಬಂತು? ಕಾಗದದ ಮೇಲೆ ಇದ್ದದ್ದು ಬದಲಾಗಿಲ್ಲ. ಬದಲಾದದ್ದು ಕಾಗದದಲ್ಲಿ ಇಲ್ಲದ್ದು.

ಲಬೆಲ್ ತಂಡದ ಚರಿತ್ರೆ ಸ್ವಲ್ಪ ಹೇಳಬೇಕು. ಅದಿಲ್ಲದೆ ಆ ಧ್ವನಿ ಅರ್ಥವಾಗುವುದಿಲ್ಲ. ಪ್ಯಾಟಿ ಲಬೆಲ್, ನೋನಾ ಹೆಂಡ್ರಿಕ್ಸ್, ಸಾರಾ ಡ್ಯಾಶ್. ಅರವತ್ತರ ದಶಕದಲ್ಲಿ ಸಿಂಡಿ ಬರ್ಡ್‌ಸಾಂಗ್ ಸೇರಿ ನಾಲ್ವರು. ಹೆಸರು ಪ್ಯಾಟಿ ಲಬೆಲ್ ಆ್ಯಂಡ್ ದಿ ಬ್ಲೂ ಬೆಲ್ಸ್. ಆ ಕಾಲದ ಹುಡುಗಿಯರ ತಂಡ ಅಂದರೆ ಹೀಗೇ ಇರಬೇಕು ಅಂತ ಇತ್ತು: ಒಂದೇ ಥರದ ಗೌನ್, ಒಂದೇ ಥರದ ವಿಗ್, ಒಟ್ಟಿಗೆ ಎತ್ತುವ ಕೈ, ಒಟ್ಟಿಗೆ ನಗುವ ಬಾಯಿ. 1962ರಲ್ಲಿ ಅವರ ಹೆಸರಲ್ಲಿ ಒಂದು ಹಿಟ್ ಬಂತು. ಅದನ್ನು ಹಾಡಿದ್ದು ಅವರಲ್ಲ! ಷಿಕಾಗೊದ ಸ್ಟಾರ್‌ಲೆಟ್ಸ್ ಎಂಬ ತಂಡ ಹಾಡಿದ್ದ ರೆಕಾರ್ಡಿಂಗನ್ನು ಕಂಪನಿ ಬ್ಲೂ ಬೆಲ್ಸ್ ಹೆಸರಲ್ಲಿ ಬಿಡುಗಡೆ ಮಾಡಿತು. ಇವರು ಊರೂರು ತಿರುಗಿ ವೇದಿಕೆಯಲ್ಲಿ ಅದನ್ನೇ ಹಾಡಿದರು. ‘ಯಾರ ಹಾಡು’ ಎಂಬ ಪ್ರಶ್ನೆ ಈ ಹೆಣ್ಣುಮಕ್ಕಳ ಬೆನ್ನು ಹತ್ತಿದ್ದು ಮೊದಲ ದಿನದಿಂದಲೇ ಅನ್ನಿ.

1967ರಲ್ಲಿ ಸಿಂಡಿ ತಂಡ ಬಿಟ್ಟು ಸುಪ್ರೀಮ್ಸ್ ಎಂಬ ಇನ್ನೊಂದು ಗಾಯಕಿಯರ ತಂಡ ಸೇರಿದರು. ಉಳಿದ ಮೂವರು ಸೋತು ಸುಣ್ಣವಾಗಿದ್ದಾಗ ಅವರನ್ನು ಕೈಗೆತ್ತಿಕೊಂಡವರು ವಿಕಿ ವಿಕಮ್. ಬ್ರಿಟನ್ನಿನಲ್ಲಿ ಟಿವಿಯ ಪಾಪ್ ಸಂಗೀತ ಕಾರ್ಯಕ್ರಮ ನಡೆಸಿದ್ದ ಮಹಿಳೆ. ಅವರು ಹೆಸರನ್ನು ಸುಮ್ಮನೆ ‘ಲಬೆಲ್’ ಅಂತ ಮಾಡಿದರು. ಗೌನ್, ವಿಗ್ ಎಲ್ಲ ತೆಗೆಸಿದರು. ನೋನಾ ಹೆಂಡ್ರಿಕ್ಸ್ ತಂಡಕ್ಕೆ ಹಾಡು ಬರೆಯತೊಡಗಿದರು, ಅದರಲ್ಲಿ ರಾಜಕೀಯವೂ ಇತ್ತು, ಹಸಿವೂ ಇತ್ತು. ಆಮೇಲೆ ಲ್ಯಾರಿ ಲೆಗಾಸ್ಪಿ ಎಂಬ ವಿನ್ಯಾಸಕಾರ ಬಂದರು. ಬೆಳ್ಳಿ ಬಣ್ಣದ ಕವಚ, ಗರಿ, ಎತ್ತರದ ಬೂಟು, ಅನ್ಯಗ್ರಹದಿಂದ ಇಳಿದ ಹಾಗೆ ಉಡುಪು. ಇದೇ ಲೆಗಾಸ್ಪಿ ಆಮೇಲೆ ಕಿಸ್ ಎಂಬ ರಾಕ್ ತಂಡಕ್ಕೂ ಬಟ್ಟೆ ಮಾಡಿಕೊಟ್ಟರು.

1974ರ ಅಕ್ಟೋಬರ್ 6ರಂದು ಲಬೆಲ್ ನ್ಯೂಯಾರ್ಕ್‌ನ ಮೆಟ್ರೊಪಾಲಿಟನ್ ಒಪೆರಾ ಹೌಸ್‌ನಲ್ಲಿ ಹಾಡಿದರು. ಆ ವೇದಿಕೆ ಏರಿದ ಮೊದಲ ಕಪ್ಪು ಪಾಪ್ ತಂಡ. ಬರುವವರೆಲ್ಲ ಏನಾದರೂ ಬೆಳ್ಳಿ ಬಣ್ಣದ್ದು ಹಾಕಿಕೊಂಡು ಬನ್ನಿ ಅಂತ ಜಾಹೀರಾತು ಕೊಟ್ಟಿದ್ದರು, ಜನ ಹಾಗೇ ಬಂದರು. ಆಗ ‘ಲೇಡಿ ಮಾರ್ಮಲೇಡ್’ ಇನ್ನೂ ಪಟ್ಟಿ ಏರಿರಲಿಲ್ಲ. ಅಂದರೆ ಹಾಡು ಅವರನ್ನು ಮಾಡಲಿಲ್ಲ. ಹತ್ತು ಹನ್ನೆರಡು ವರ್ಷ ಬಸ್ಸಲ್ಲಿ ಸುತ್ತಿ, ಹೆಸರು ಬದಲಿಸಿ, ವೇಷ ಬದಲಿಸಿ, ತಾವೇ ಏನೋ ಆಗಿ ನಿಂತಿದ್ದವರ ಕೈಗೆ ಈ ಹಾಡು ಸಿಕ್ಕಿತು. ರೆಕಾರ್ಡ್ ಮಾಡಿದಾಗ ಪ್ಯಾಟಿಗೆ ಮೂವತ್ತರ ಆಸುಪಾಸು.

ರೆಕಾರ್ಡ್ ಮಾಡಿದ್ದು ಎಲ್ಲಿ ಗೊತ್ತಾ? ನ್ಯೂ ಆರ್ಲಿಯನ್ಸ್‌ನಲ್ಲೇ. ಅಲೆನ್ ಟೂಸಾಂಟ್ ಮತ್ತು ಮಾರ್ಷಲ್ ಸೀಹಾರ್ನ್ ಕಟ್ಟಿದ್ದ ಸೀ-ಸೇಂಟ್ ಸ್ಟುಡಿಯೊ. ಟೂಸಾಂಟ್ ಆ ಊರಿನ ಸಂಗೀತದ ಬೆನ್ನೆಲುಬು. ಪಿಯಾನೊ ನುಡಿಸುವವರು, ಬರೆಯುವವರು, ವಾದ್ಯಗಳನ್ನು ಜೋಡಿಸುವವರು, ನಿರ್ಮಾಪಕರು, ಎಲ್ಲ ಅವರೇ. ಅವರು ಕರೆಸಿದ್ದು ಮೀಟರ್ಸ್ ತಂಡದವರನ್ನು. ಜಾರ್ಜ್ ಪೋರ್ಟರ್ ಜೂನಿಯರ್ ಬೇಸ್, ಆರ್ಟ್ ನೆವಿಲ್ ಆರ್ಗನ್, ಲಿಯೊ ನೊಸೆಂಟೆಲಿ ಗಿಟಾರ್. ಫಂಕ್ ಎಂಬ ಶೈಲಿಯನ್ನು ಎರೆದು ಹದ ಮಾಡಿದವರಲ್ಲಿ ಮೀಟರ್ಸ್ ಮುಂಚೂಣಿಯವರು.

ಫಂಕ್ ಅಂದರೆ ಏನು ಅಂತ ಈ ಹಾಡಿನ ಮೂಲಕವೇ ತಿಳಿಯಬಹುದು. ಹೆಡ್‌ಫೋನ್ ಹಾಕಿಕೊಂಡು ಬೇಸ್ ಮಾತ್ರ ಹಿಂಬಾಲಿಸಿ. ಅದು ಓಡುವುದಿಲ್ಲ. ಎರಡು ಸ್ವರ ನುಡಿದು ನಿಲ್ಲುತ್ತದೆ, ಖಾಲಿ ಬಿಡುತ್ತದೆ, ಮತ್ತೆ ಬರುತ್ತದೆ. ಆ ಖಾಲಿ ಜಾಗಕ್ಕೆ ಗಿಟಾರ್ ಒಂದು ಚಿಟಿಕೆ ಇಡುತ್ತದೆ. ಅದರ ಆಚೆಗೆ ಪಿಯಾನೊ, ಅದರ ಮೇಲೆ ಕಹಳೆಗಳು. ಯಾರೂ ಒಬ್ಬರ ಮೇಲೆ ಒಬ್ಬರು ಬೀಳುವುದಿಲ್ಲ. ಎಲ್ಲರೂ ಕಡಿಮೆ ನುಡಿಸುತ್ತಾರೆ, ಸರಿಯಾದ ಹೊತ್ತಿಗೆ ನುಡಿಸುತ್ತಾರೆ. ಈ ಬಿಡುವುಗಳಿಂದಲೇ ಸೊಂಟ ಅಲುಗುವುದು. ಹಾಡಿನ ಮಾದಕತೆ ನೂರಕ್ಕೆ ಎಂಬತ್ತು ಭಾಗ ಅಲ್ಲಿದೆ ಅಂತ ನನ್ನ ಲೆಕ್ಕ. ಫ್ರೆಂಚ್ ಸಾಲಿಗೆ ಉಳಿದದ್ದು.

ಧ್ವನಿಗಳ ಕೆಲಸ ಇನ್ನೂ ಚೆನ್ನ. ನೋನಾ ಮತ್ತು ಸಾರಾ ಕೆಳಗಿನಿಂದ ಒಂದೇ ಮಾತನ್ನು ತಿರುಗಿಸಿ ತಿರುಗಿಸಿ ಹೇಳುತ್ತಾರೆ. ಪ್ಯಾಟಿ ಅದರ ಮೇಲೆ ಕಥೆ ಹೇಳುತ್ತಾ ಹೇಳುತ್ತಾ ಮೇಲೇರುತ್ತಾರೆ. ಒಬ್ಬರು ಕರೆಯುವುದು, ಉಳಿದವರು ಓಗೊಡುವುದು, ಇದು ಕಪ್ಪು ಚರ್ಚುಗಳ ಗಾಯನ ಪದ್ಧತಿ. ಭಾನುವಾರ ದೇವರನ್ನು ಕರೆಯುವ ಅದೇ ಕೂಗಿನಲ್ಲಿ ಶನಿವಾರ ರಾತ್ರಿಯ ಕಥೆ ಹೇಳುತ್ತಾರೆ. ಕೊನೆಗೆ ಮೂವರೂ ಒಟ್ಟಾಗಿ ‘ಇನ್ನೂ, ಇನ್ನೂ’ ಅಂತ ಕಿರುಚುವಾಗ ಅದು ಆ ಗಂಡಸಿನ ಆಸೆಯೋ, ಹಾಡುವವರ ಖುಷಿಯೋ ಬೇರ್ಪಡಿಸಲು ಆಗುವುದಿಲ್ಲ.

ಇದೆಲ್ಲ ಕ್ರೂ ಮತ್ತು ನೋಲನ್ ಬರೆದ ಕಾಗದದಲ್ಲಿ ಇರಲಿಲ್ಲ. ಈಗ ಕಾನೂನಿನ ವಿಷಯ ಹೇಳಿದರೆ ಸುಲಭವಾಗಿ ಅರ್ಥವಾದೀತು.

ನಾವು ‘ಹಾಡು’ ಅನ್ನುವುದು ಕಾನೂನಿನ ಕಣ್ಣಿಗೆ ಎರಡು ಬೇರೆ ವಸ್ತು. ಒಂದು ರಚನೆ, ಅಂದರೆ ಸಾಹಿತ್ಯ ಮತ್ತು ರಾಗ. ಇನ್ನೊಂದು ಧ್ವನಿಮುದ್ರಣ, ಅಂದರೆ ಒಂದು ದಿನ ಒಂದು ಸ್ಟುಡಿಯೊದಲ್ಲಿ ಕೆಲವರು ಹಾಡಿ ನುಡಿಸಿ ಟೇಪಿಗೆ ಇಳಿಸಿದ್ದು. ‘ಭಾಗ್ಯದ ಲಕ್ಷ್ಮೀ ಬಾರಮ್ಮ’ ಪುರಂದರದಾಸರ ಪದ. ಭೀಮಸೇನ ಜೋಶಿ ಹಾಡಿದ್ದನ್ನು ಕೇಳುವುದೇ ಬೇರೆ, ಎಂ.ಎಸ್. ಸುಬ್ಬುಲಕ್ಷ್ಮಿ ಹಾಡಿದ್ದನ್ನು ಕೇಳುವುದೇ ಬೇರೆ. ಪದ ಒಂದೇ, ಮುದ್ರಣಗಳು ಹಲವು. ಪಾಪ್ ಹಾಡಿಗೂ ಇದೇ ಲೆಕ್ಕ. ದಾಸರಿಗೆ ಯಾರೂ ರಾಯಧನ ಕಟ್ಟಬೇಕಿಲ್ಲ, ಅಷ್ಟೇ ವ್ಯತ್ಯಾಸ.

‘ಲೇಡಿ ಮಾರ್ಮಲೇಡ್’ ರಚನೆ ಕ್ರೂ ಮತ್ತು ನೋಲನ್ ಹಾಗೂ ಅವರ ಪ್ರಕಾಶನ ಕಂಪನಿಗಳ ಪಾಲು. ಲಬೆಲ್ ಮುದ್ರಣದ ಹಕ್ಕು ರೆಕಾರ್ಡ್ ಕಂಪನಿಯದು. ಹಾಡಿದವರಿಗೆ ಕರಾರಿನಲ್ಲಿ ಬರೆದಷ್ಟು ಪಾಲು.

ಅಮೆರಿಕದ ಕಾನೂನಿನಲ್ಲಿ 1909ರಿಂದ ಒಂದು ವಿಶೇಷ ಅವಕಾಶ ಇದೆ. ಒಂದು ರಚನೆ ಒಮ್ಮೆ ಹಕ್ಕುದಾರರ ಒಪ್ಪಿಗೆಯಿಂದ ರೆಕಾರ್ಡ್ ಆಗಿ ಹೊರಬಂತು ಅಂದರೆ, ಆಮೇಲೆ ಯಾರು ಬೇಕಾದರೂ ಅದನ್ನು ತಮ್ಮ ಧ್ವನಿಯಲ್ಲಿ ರೆಕಾರ್ಡ್ ಮಾಡಿ ಮಾರಬಹುದು. ಬರೆದವರನ್ನು ಕೇಳಬೇಕಿಲ್ಲ. ಪ್ರತಿ ಪ್ರತಿಗೆ ಸರ್ಕಾರ ನಿಗದಿ ಮಾಡಿದ ಹಣ ಕೊಟ್ಟರೆ ಸಾಕು. 1974ರಲ್ಲಿ ಆ ದರ 2 ಸೆಂಟ್. 2001ರ ಹೊತ್ತಿಗೆ 7.55 ಸೆಂಟ್. ಪಾಪ್ ಲೋಕದಲ್ಲಿ ಇಷ್ಟೊಂದು ಕವರ್ ಹಾಡುಗಳು ಇರುವುದಕ್ಕೆ ಈ ನಿಯಮ ದೊಡ್ಡ ಕಾರಣ. ಬರೆದವರಿಗೆ ಸಿಟ್ಟು ಬಂದರೂ ತಡೆಯುವ ಹಾಗಿಲ್ಲ. ಆದರೆ ಸಾಮಾನ್ಯವಾಗಿ ಸಿಟ್ಟು ಬರುವುದಿಲ್ಲ, ಚೆಕ್ ಬರುತ್ತದೆ.

ಒಂದು ಗೆರೆ ಮಾತ್ರ ದಾಟುವಂತಿಲ್ಲ. ನಿಮ್ಮ ಶೈಲಿಗೆ ತಕ್ಕ ಹಾಗೆ ವಾದ್ಯ ಬದಲಿಸಿ, ಲಯ ಬದಲಿಸಿ, ಪರವಾಗಿಲ್ಲ. ಮೂಲ ರಾಗವನ್ನು, ಹಾಡಿನ ಮೂಲ ಗುಣವನ್ನು ಬದಲಿಸುವಂತಿಲ್ಲ. ಸಾಹಿತ್ಯ ತಿದ್ದಬೇಕು, ಹೊಸ ಚರಣ ಸೇರಿಸಬೇಕು ಅಂದರೆ ಒಪ್ಪಿಗೆ ಬೇಕು. ಸಿನಿಮಾದಲ್ಲಿ ಚಿತ್ರದ ಜೊತೆ ಬಳಸಲೂ ಪ್ರತ್ಯೇಕ ಪರವಾನಗಿ ಬೇಕು, ಅದಕ್ಕೆ ನಿಗದಿತ ದರ ಇಲ್ಲ, ಕೂತು ಮಾತಾಡಿ ಒಪ್ಪಂದ ಮಾಡಿಕೊಳ್ಳಬೇಕು.

1998ರಲ್ಲಿ ಬ್ರಿಟನ್ನಿನ ಆಲ್ ಸೇಂಟ್ಸ್ ತಂಡ ಈ ಹಾಡನ್ನು ಸಾಹಿತ್ಯ ಸ್ವಲ್ಪ ತಿರುಚಿ ಹಾಡಿ ಅಲ್ಲಿ ಮೊದಲ ಸ್ಥಾನಕ್ಕೆ ತಂದಿತ್ತು. ತಂಪಾದ, ಬೇಸರದಲ್ಲಿ ಹಾಡಿದಂಥ ಆವೃತ್ತಿ. ಅದರ ಬಗ್ಗೆ ಜಾಸ್ತಿ ಹೇಳಲು ಏನೂ ಇಲ್ಲ. ಗೆರೆಗಳನ್ನೆಲ್ಲ ಒಪ್ಪಂದ ಮಾಡಿಕೊಂಡೇ ದಾಟಿದ್ದು 2001ರ ಆವೃತ್ತಿ.

ನಿರ್ದೇಶಕ ಬಾಜ್ ಲರ್ಮನ್ ‘ಮೂಲಾ ರೂಜ್’ ಸಿನಿಮಾ ಮಾಡುತ್ತಿದ್ದರು. 1889ರಲ್ಲಿ ಪ್ಯಾರಿಸ್‌ನಲ್ಲಿ ಶುರುವಾದ ನೃತ್ಯಶಾಲೆ ಅದು, ಮಾಡಿನ ಮೇಲೆ ಕೆಂಪು ಗಾಳಿಯಂತ್ರ ಇರುವ ಜಾಗ. ಸಿನಿಮಾದ ಕಥೆ ನಡೆಯುವುದು ಹತ್ತೊಂಬತ್ತನೇ ಶತಮಾನ ಮುಗಿಯುವ ಹೊತ್ತಿಗೆ, ಆದರೆ ಪಾತ್ರಗಳು ಹಾಡುವುದು ಇಪ್ಪತ್ತನೇ ಶತಮಾನದ ಪಾಪ್ ಹಾಡುಗಳನ್ನು. ಬೇಕಂತಲೇ ಮಾಡಿದ ಕಾಲದ ಕಲಸುಮೇಲೋಗರ. ಅದರ ಧ್ವನಿಸುರುಳಿಗೆ ‘ಲೇಡಿ ಮಾರ್ಮಲೇಡ್’ ಹೊಸದಾಗಿ ಮಾಡಲು ಮಿಸ್ಸಿ ಎಲಿಯಟ್ ಮತ್ತು ರಾಕ್‌ವೈಲ್ಡರ್ ಅವರನ್ನು ಕೂರಿಸಿದರು. ಇಬ್ಬರೂ ಹಿಪ್‌ಹಾಪ್ ಲೋಕದವರು.

ಹಾಡಿದ ನಾಲ್ವರು ಒಂದು ತಂಡವೇ ಅಲ್ಲ. ಒಬ್ಬೊಬ್ಬರೂ ಆಗಲೇ ತಾರೆಯರು, ಒಂದು ಹಾಡಿಗಾಗಿ ಕಲೆತವರು. ಕ್ರಿಸ್ಟಿನಾಗೆ ಇಪ್ಪತ್ತು, ಮಾಯಾ ಮತ್ತು ಪಿಂಕ್‌ಗೆ ಇಪ್ಪತ್ತೊಂದು, ಲಿಲ್ ಕಿಮ್‌ಗೆ ಇಪ್ಪತ್ತಾರು. ಲಬೆಲ್ ಮುದ್ರಣ ಹೊರಬಂದಾಗ ನಾಲ್ವರಲ್ಲಿ ಹುಟ್ಟಿದ್ದವರು ಕಿಮ್ ಒಬ್ಬರೇ, ಅವರೂ ತೊಟ್ಟಿಲ ಕೂಸು.

ಏನೇನು ಬದಲಾಯಿತು? ಮೊದಲನೆಯದು ಊರು. ನ್ಯೂ ಆರ್ಲಿಯನ್ಸ್ ಹೋಗಿ ಮೂಲಾ ರೂಜ್ ಬಂತು. ಎರಡೇ ಪದದ ಬದಲಾವಣೆ, ಆದರೆ ಹಾಡಿನ ಒಂದು ಗೋಡೆ ಕೆಡವಿದ ಹಾಗಾಯಿತು. ಪ್ಯಾರಿಸ್‌ನಲ್ಲಿ ಫ್ರೆಂಚ್ ಮಾತಾಡಿದರೆ ಅದರಲ್ಲಿ ಏನು ವಿಶೇಷ? ಅಲ್ಲಿ ಹಾಲು ಮಾರುವವನೂ ಅದನ್ನೇ ಮಾತಾಡುತ್ತಾನೆ. ಅಮೆರಿಕದ ನೆಲದಲ್ಲೇ ನಿಂತು ಅಮೆರಿಕನ್ನನಿಗೆ ಅರ್ಥವಾಗದ ಮಾತಲ್ಲಿ ಕರೆಯುವ ಹೆಣ್ಣು ಹೋದಳು. ಕ್ರಿಯೋಲ್ ಎಂಬ ಗುರುತನ್ನು ಸಾಹಿತ್ಯದಲ್ಲಿ ಹಾಗೇ ಬಿಟ್ಟರು, ಅದು ಪ್ಯಾರಿಸ್‌ನಲ್ಲಿ ಏನು ಮಾಡುತ್ತಿದೆ ಅಂತ ಯಾರೂ ಕೇಳಲಿಲ್ಲ. ಇಲ್ಲಿ ಹೊಸ ಆವೃತ್ತಿ ಸೋತಿದೆ ಅಂತಲೇ ನನ್ನ ಅಭಿಪ್ರಾಯ.

ಎರಡನೆಯದು ಲಯ. ಮೀಟರ್ಸ್ ಬಿಟ್ಟಿದ್ದ ಖಾಲಿ ಜಾಗಗಳನ್ನೆಲ್ಲ ತುಂಬಿಬಿಟ್ಟರು. ದಪ್ಪ ಡ್ರಮ್ ಬೀಟ್ ಎದೆಗೆ ಗುದ್ದುತ್ತದೆ. 2001ರ ಕ್ಲಬ್ಬಿಗೆ, ಕಾರಿನ ಸ್ಪೀಕರಿಗೆ ಅದೇ ಸರಿ. ತೂಗುವ ಹಾಡು ಮೆರವಣಿಗೆಯ ಹಾಡಾಯಿತು.

ಮೂರನೆಯದು ಮಾತಾಡುವವರು, ಇದು ಎಲ್ಲಕ್ಕಿಂತ ದೊಡ್ಡ ಬದಲಾವಣೆ. ಹಳೆಯ ಹಾಡಿನಲ್ಲಿ ‘ಅವನು’, ‘ಅವಳು’ ಇದ್ದರು. ಲಬೆಲ್ ಮೂವರು ಕಥೆ ಹೇಳುವವರು, ಮಾರ್ಮಲೇಡ್ ಅವರಲ್ಲಿ ಒಬ್ಬಳಲ್ಲ. ಹೊಸದರಲ್ಲಿ ಲಿಲ್ ಕಿಮ್ ರ‍್ಯಾಪ್ ಶುರುವಾದ ಕೂಡಲೇ ‘ನಾವು’ ಬರುತ್ತದೆ. ನಾವು ಹಣ ಇರುವವರು, ನಾವು ಯಾರ ಹಂಗಿನವರಲ್ಲ, ಜನ ನಮ್ಮನ್ನು ಏನೆಂದು ತಪ್ಪಾಗಿ ತಿಳಿದರೂ ಸರಿ, ನಿನ್ನ ದುಡ್ಡು ಇರುವಾಗ ನಮ್ಮದನ್ನು ಯಾಕೆ ಖರ್ಚು ಮಾಡಲಿ ಎಂಬ ಧಾಟಿ. ಇಪ್ಪತ್ತಾರು ವರ್ಷ ಬಾಯಿ ಮುಚ್ಚಿಕೊಂಡಿದ್ದ ಮಾರ್ಮಲೇಡ್ ಸ್ವತಃ ಮೈಕ್ ಕಿತ್ತುಕೊಂಡ ಹಾಗೆ. ಆ ಗಂಡಸು ಮೂಲೆಗೆ ಸರಿದ. ಅವನ ಬೂದು ಬದುಕಿನ ಚರಣ ಇನ್ನೂ ಇದೆ, ಆದರೆ ಕೇಳುವವರ ಗಮನ ಅಲ್ಲಿಲ್ಲ. ಅಷ್ಟರಲ್ಲಿ ಕ್ರಿಸ್ಟಿನಾ ಧ್ವನಿ ಮಾಡು ಹಾರಿಸುವ ಹಾಗೆ ಏರಿರುತ್ತದೆ.

ಪಾಲ್ ಹಂಟರ್ ನಿರ್ದೇಶಿಸಿದ ವಿಡಿಯೊ ಇದನ್ನೇ ಕಣ್ಣಿಗೆ ತೋರಿಸುತ್ತದೆ. ಕಾರ್ಸೆಟ್, ಜಾಲರಿ ಕಾಲುಚೀಲ, ಗೋಪುರದಂಥ ಕೂದಲು. ಗಂಡಸು ಎಲ್ಲೂ ಮುಖ್ಯ ಅಲ್ಲ. ಒಳಉಡುಪಿನಲ್ಲಿ ಕುಣಿಯುವುದು ಹೆಣ್ಣಿನ ಸ್ವಾತಂತ್ರ್ಯವೋ, ಸಿನಿಮಾ ಟಿಕೆಟ್ ಮಾರುವ ಉಪಾಯವೋ ಎಂಬ ಜಗಳ ಇಂಥ ವಿಡಿಯೊಗಳ ಸುತ್ತ ಇದ್ದೇ ಇರುತ್ತದೆ. ಎರಡೂ ಹೌದು ಅಂದರೆ ಯಾರಿಗೂ ಸಮಾಧಾನ ಆಗುವುದಿಲ್ಲ, ಆದರೆ ನನಗೆ ಕಾಣುವುದು ಹಾಗೇ. ಆ ವರ್ಷ ಎಂಟಿವಿ ಅದಕ್ಕೆ ವರ್ಷದ ವಿಡಿಯೊ ಪ್ರಶಸ್ತಿ ಕೊಟ್ಟಿತು. 2002ರ ಫೆಬ್ರವರಿಯಲ್ಲಿ ಹಾಡಿಗೆ ಗ್ರ್ಯಾಮಿ ಸಂಗೀತ ಪ್ರಶಸ್ತಿಯೂ ಬಂತು. ಆ ಗ್ರ್ಯಾಮಿ ವೇದಿಕೆಯಲ್ಲಿ ನಾಲ್ವರು ಹಾಡುತ್ತಿದ್ದಾಗ ಪ್ಯಾಟಿ ಲಬೆಲ್ ಬಂದು ಜೊತೆಗೂಡಿದರು.

ಯಾವುದು ಹೆಚ್ಚು ಪ್ರಚೋದಕ ಅಂತ ಕೇಳಿದರೆ, ತೋರಿಸಿದ್ದು 2001ರದ್ದು ಜಾಸ್ತಿ. ಆದರೆ 1975ರಲ್ಲಿ ಬೆಳ್ಳಿ ಕವಚ ತೊಟ್ಟ ಮೂವರು ಕಪ್ಪು ಹೆಣ್ಣುಮಕ್ಕಳು, ಮೈ ಹೆಚ್ಚು ತೋರಿಸದೆ, ಅಮೆರಿಕದ ಮನೆಮನೆಯ ರೇಡಿಯೊದಲ್ಲಿ ಆ ಪ್ರಶ್ನೆ ಕೇಳಿ, ಕೇಳಿದವರ ಮಕ್ಕಳೂ ಅದನ್ನೇ ಗುನುಗುವ ಹಾಗೆ ಮಾಡಿದರು. ನನ್ನ ಮತ ಆ ಕಡೆಗೆ.

ಈಗ ದುಡ್ಡಿನ ವಿಷಯ. 2001ರ ಹಾಡಿನ ರಚನಕಾರರ ಜಾಗದಲ್ಲೂ ಇರುವ ಹೆಸರು ಕ್ರೂ ಮತ್ತು ನೋಲನ್. ಹೊಸ ಆವೃತ್ತಿ ಒಂದೊಂದು ಸಲ ಮಾರಾಟವಾದಾಗಲೂ, ರೇಡಿಯೊದಲ್ಲಿ ಬಂದಾಗಲೂ ಬರೆದವರ ಪಾಲು ಅವರಿಗೆ. ಲಬೆಲ್ ಮೂವರಿಗೆ ಆ ಆವೃತ್ತಿಯಿಂದ ಕಾನೂನು ಪ್ರಕಾರ ಏನೂ ಬರಬೇಕಿಲ್ಲ. ಯಾಕೆಂದರೆ ಅದರಲ್ಲಿ ಅವರ ಮುದ್ರಣದ ತುಣುಕು ಇಲ್ಲ, ರಚನೆ ಅವರದಲ್ಲ. ಕ್ರಿಸ್ಟಿನಾ ಮತ್ತಿತರರು ಈ ಹಾಡನ್ನು ಆರಿಸಿಕೊಂಡದ್ದು ಇಲೆವೆಂತ್ ಅವರ್ ತಂಡದ್ದನ್ನು ಕೇಳಿ ಅಲ್ಲ ಅಂತ ಎಲ್ಲರಿಗೂ ಗೊತ್ತು. ಪ್ಯಾಟಿಯ ಆ ಕೂಗು, ಆ ‘ಸೋಲ್ ಸಿಸ್ಟರ್’ ಗತ್ತು ಕೇಳಿ. ಆದರೆ ಗತ್ತಿಗೆ ಕಾಪಿರೈಟ್ ಇಲ್ಲ. ಮೀಟರ್ಸ್ ಬಿಟ್ಟ ಖಾಲಿ ಜಾಗಕ್ಕೂ ಇಲ್ಲ.

ಇದಕ್ಕಿಂತ ವಿಚಿತ್ರ ಇನ್ನೊಂದಿದೆ. ಅಮೆರಿಕದ ಎಎಂ, ಎಫ್ಎಂ ರೇಡಿಯೊಗಳು ಹಾಡು ಹಾಕಿದಾಗ ಬರೆದವರಿಗೆ ದುಡ್ಡು ಕೊಡುತ್ತವೆ, ಹಾಡಿದವರಿಗೆ ಕೊಡುವುದಿಲ್ಲ. ರೇಡಿಯೊದಲ್ಲಿ ಬಂದರೆ ನಿಮ್ಮ ರೆಕಾರ್ಡಿಗೆ ಪ್ರಚಾರ ಸಿಗುತ್ತದಲ್ಲ ಎಂಬುದು ರೇಡಿಯೊದವರ ಹಳೆಯ ವಾದ. ಅಂದರೆ 1975ರಿಂದ ಇವತ್ತಿನವರೆಗೆ ಲಬೆಲ್ ಮುದ್ರಣವೇ ಅಲ್ಲಿನ ಎಫ್ಎಂನಲ್ಲಿ ಎಷ್ಟು ಸಲ ಬಂದಿದ್ದರೂ ಆ ಪ್ರಸಾರಕ್ಕಾಗಿ ಹಾಡಿದವರಿಗೆ ಕಾನೂನಿನಡಿ ಏನೂ ಇಲ್ಲ. ಇಂಟರ್ನೆಟ್ ಮತ್ತು ಉಪಗ್ರಹ ರೇಡಿಯೊಗಳಿಗೆ ಮಾತ್ರ ಬೇರೆ ನಿಯಮ, ಅವು ಹಾಡಿದವರಿಗೂ ಕೊಡಬೇಕು.

ನಮ್ಮ ದೇಶದ 1957ರ ಕಾಪಿರೈಟ್ ಕಾಯ್ದೆಗೆ 2012ರಲ್ಲಿ ತಿದ್ದುಪಡಿ ಆದಾಗ 31ಸಿ ಎಂಬ ಕಲಂ ಸೇರಿತು. ಕವರ್ ಮಾಡಲು ಅಲ್ಲೂ ಅವಕಾಶ ಇದೆ, ಆದರೆ ಮೂಲ ಮುದ್ರಣ ಬಂದ ವರ್ಷ ಮುಗಿದು ಐದು ವರ್ಷ ಆಗಬೇಕು. ವರ್ಷಕ್ಕೆ ಕನಿಷ್ಠ 50,000 ಪ್ರತಿಗಳ ರಾಯಧನವನ್ನು ಮುಂಗಡ ಲೆಕ್ಕ ಹಾಕಿ ಕೊಡಬೇಕು. ಒಪ್ಪಿಗೆ ಇಲ್ಲದೆ ಸಾಹಿತ್ಯ ಮುಟ್ಟುವಂತಿಲ್ಲ. ಅಂದರೆ ಇಲ್ಲಿ ಯಾರಾದರೂ ಹೊಸ ಸಿನಿಮಾ ಹಾಡಿಗೆ ಬಂದ ತಿಂಗಳೇ ಒಂದು ರ‍್ಯಾಪ್ ಸೇರಿಸಿ ಯೂಟ್ಯೂಬ್‌ಗೆ ಹಾಕಿದರೆ ಈ ಕಲಂ ಅವರನ್ನು ಕಾಪಾಡುವುದಿಲ್ಲ. ಒಂದು ವಿಷಯದಲ್ಲಿ ಮಾತ್ರ ನಮ್ಮ ಕಾನೂನು ಅಮೆರಿಕಕ್ಕಿಂತ ಮುಂದಿದೆ: ತಮ್ಮ ಹಾಡುಗಾರಿಕೆಯ ವಾಣಿಜ್ಯ ಬಳಕೆಗೆ ಗಾಯಕರಿಗೂ ರಾಯಧನದ ಹಕ್ಕನ್ನು ಅದೇ 2012ರ ತಿದ್ದುಪಡಿ ಕೊಟ್ಟಿದೆ. ಕೈಗೆ ಎಷ್ಟು ಬರುತ್ತದೆ ಅನ್ನೋದು ಬೇರೆ ಲೇಖನಕ್ಕೆ ಸಾಕಾಗುವಷ್ಟು ದೊಡ್ಡ ಗಲಾಟೆ.

ಲಬೆಲ್ ತಂಡ 1976ರಲ್ಲಿ ಒಡೆಯಿತು, 2008ರಲ್ಲಿ ಒಂದು ಆಲ್ಬಮ್‌ಗಾಗಿ ಮತ್ತೆ ಸೇರಿತು. ಬಾಬ್ ಕ್ರೂ 2014ರಲ್ಲಿ, ಟೂಸಾಂಟ್ 2015ರಲ್ಲಿ, ಸಾರಾ ಡ್ಯಾಶ್ 2021ರ ಸೆಪ್ಟೆಂಬರ್‌ನಲ್ಲಿ ತೀರಿಕೊಂಡರು. ಸಾರಾ ಹೋಗುವ ಕೆಲವು ತಿಂಗಳ ಮುಂಚೆ, ಅಮೆರಿಕದ ಲೈಬ್ರರಿ ಆಫ್ ಕಾಂಗ್ರೆಸ್ ದೇಶ ಕಾಪಾಡಿಕೊಳ್ಳಬೇಕಾದ ಧ್ವನಿಮುದ್ರಣಗಳ ಪಟ್ಟಿಗೆ ‘ಲೇಡಿ ಮಾರ್ಮಲೇಡ್’ ಸೇರಿಸಿತು. ಆ ಪಟ್ಟಿಗೆ ಸೇರುವುದು ರಚನೆಗಳಲ್ಲ, ಮುದ್ರಣಗಳು. ಆರಿಸಿದ್ದು ಸೀ-ಸೇಂಟ್ ಸ್ಟುಡಿಯೊದಲ್ಲಿ ಲಬೆಲ್ ಹಾಡಿದ್ದನ್ನೇ. ಅದೇ ವರ್ಷ, ಎಫ್ಎಂ ರೇಡಿಯೊಗಳು ಹಾಡಿದವರಿಗೂ ಹಣ ಕೊಡಬೇಕು ಎನ್ನುವ ಮಸೂದೆ ಅಮೆರಿಕದ ಸಂಸತ್ತಿನಲ್ಲಿ ಮಂಡನೆಯಾಯಿತು. ಪಾಸಾಗಲಿಲ್ಲ. 2023ರಲ್ಲಿ ಮತ್ತೆ ಮಂಡಿಸಿದರು, ಆಗಲೂ ಪಾಸಾಗಲಿಲ್ಲ.